ಕುಂಡಿಮುಚ್ಚನ ಬಾಗಿಲು

ಇವಿಪೊರಾ, ಪರಪೆತಿ ನದಿಯ ದಂಡೆ
ಸೆಪ್ಟೆಂಬರ್ 4, 1997

ಮಾನ್ಯ ಎಫ್ರೈನ್ ಅವರಿಗೆ,

ನನ್ನ ನೆನಪು ನಿಮಗಿರಲಿಕ್ಕಿಲ್ಲ. ಏಪ್ರಿಲ್‌ನಲ್ಲಿ ನಿಮ್ಮ ಪ್ರಾಣಿ ಸಂಗ್ರಹಾಲಯಕ್ಕೆ ಬಂದು ಗಾಜಿನ ಕಪಾಟಿನ ಮುಂದೆ ಬಹಳ ಹೊತ್ತು ನಿಂತಿದ್ದೆ. ನೀವು ಹತ್ತಿರ ಬಂದು “ಏನಾದರೂ ಕೇಳಬೇಕಿತ್ತಾ?” ಎಂದಿರಿ. ನಾನು “ಗಂಟೆ ಎಷ್ಟು?” ಎಂದು ಕೇಳಿ ಹೊರಟುಹೋದೆ. ನನ್ನ ತಲೆಯ ಮೇಲೆಯೇ ಗೋಡೆ ಗಡಿಯಾರವಿತ್ತು. ನಿಮ್ಮ ಅಂಗಿಯ ಜೇಬಿನ ಮೇಲೆ ಹೆಸರು ಹೊಲಿದಿದ್ದರಿಂದ ಈ ಪತ್ರ ಬರೆಯಲು ಸಾಧ್ಯವಾಯಿತು. ಎದುರಿಗೆ ಬಾರದ ಮಾತು ನನಗೆ ಕಾಗದದ ಮೇಲೆ ಬರುತ್ತದೆ.

ಸಾಹಿತ್ಯದ ಪದವಿ ಮುಗಿಸಿ ಊರಿಗೆ ಮರಳಿದ್ದೇನೆ. ನಮ್ಮ ಶಾಲೆಯ ಚಿಕ್ಕ ಮಕ್ಕಳಿಗೆ ನಮ್ಮದೇ ಗ್ವಾರಾನಿ ಮಾತಿನಲ್ಲಿ ಓದುವ ಪುಸ್ತಕ ಮಾಡಿಕೊಡುವುದು ನನ್ನ ಕೆಲಸ. ‘ತ’ ಅಕ್ಷರಕ್ಕೆ ತತು ಎಂದು ಬರೆದು ಚಿತ್ರ ಬಿಡಿಸಿದೆ. ಪಟ್ಟಣದ ಪುಸ್ತಕಗಳಲ್ಲಿ ಆರ್ಮಡಿಲೊ ಎಂದಿರುತ್ತದಲ್ಲ, ಮೈಮೇಲೆ ಚಿಪ್ಪು ಹೊತ್ತು ತಿರುಗುವ ಅದೇ ಪ್ರಾಣಿ. ಚಿತ್ರ ಚೆನ್ನಾಗಿ ಬಂದಿದೆ ಎಂಬ ಹೆಮ್ಮೆಯಲ್ಲೇ ತರಗತಿಯಲ್ಲಿ ಎತ್ತಿ ಹಿಡಿದೆ.

“ಟೀಚರ್, ಇದು ಯಾವ ತತು?”

“ತತು ಅಂದ್ರೆ ತತು.”

“ಕಿವಿ ತತುಹುದು, ಬಾಲ ಪೆಹಿದು, ಹೊಟ್ಟೆ ನಮ್ಮಜ್ಜಂದು!”

ಇಡೀ ತರಗತಿ ನೆಲಕ್ಕೆ ಬಿದ್ದು ನಕ್ಕಿತು. ಒಬ್ಬಳು ಮಾತ್ರ ನಗದೆ ನನ್ನ ಪಕ್ಕ ಬಂದು, “ಬೇಜಾರ್ ಮಾಡ್ಕೋಬೇಡಿ ಟೀಚರ್, ನೀವು ಪಟ್ಣದಲ್ಲಿ ಓದಿದ್ದಲ್ವಾ” ಎಂದು ಸಮಾಧಾನ ಹೇಳಿದಳು. ನಾನು ಹುಟ್ಟಿದ್ದು ಇದೇ ಶಾಲೆಯಿಂದ ಕೂಗಳತೆಯ ದೂರದಲ್ಲಿ. ಹೆಸರುಗಳನ್ನೆಲ್ಲ ಬಾಲ್ಯದಿಂದ ಕೇಳಿದ್ದೇನೆ: ಕೊರೆಚಿ, ತತುಹು, ಪೆಹಿ, ಪೆಹಿಚಿ, ಕಿರ್ಕಿಂಚೊ. ಆದರೆ ಯಾವ ಹೆಸರು ಯಾವ ಚಿಪ್ಪಿನದು ಎಂದು ಯಾವತ್ತೂ ನಿಂತು ನೋಡಿಲ್ಲ. ಪುಸ್ತಕ ಓದುತ್ತಾ ಕೂತಿದ್ದೆ.

ಆರನೆಯದೂ ಒಂದಿದೆ. ಅದರ ಹೆಸರು ಬರೆಯಲು ನನಗೆ ಕೈ ಬರುವುದಿಲ್ಲ. ಆ ಹೆಸರು ಹೇಳಿದರೆ ಮಕ್ಕಳು ಬಾಯಿ ಮುಚ್ಚಿಕೊಂಡು ಕಿಸಕ್ಕೆನ್ನುತ್ತಾರೆ, ದೊಡ್ಡವರು ಸುಮ್ಮನಾಗುತ್ತಾರೆ.

ಇವುಗಳನ್ನು ಗುರುತಿಸುವುದು ಹೇಗೆಂದು ದಯವಿಟ್ಟು ತಿಳಿಸುವಿರಾ? ನಮ್ಮ ಊರಿಗೆ ಬರುವ ಬಸ್ಸಿನ ಚಾಲಕರು ದೊನ್ ಹಿಲಾರಿಯೊ. ಅವರ ಕೈಗೆ ಪತ್ರ ಕೊಟ್ಟರೆ ನನಗೆ ತಲುಪುತ್ತದೆ.

ವಂದನೆಗಳೊಂದಿಗೆ,
ಒಟಿಲಿಯಾ

~

ಸಾಂತಾ ಕ್ರೂಸ್
ಸೆಪ್ಟೆಂಬರ್ 13, 1997

ಒಟಿಲಿಯಾ ಅವರಿಗೆ,

ನೆನಪಿದೆ! ನೀವು ಗಂಟೆ ಕೇಳಿದಿರಿ, ನಾನು ಗಡಿಯಾರ ನೋಡದೆ ನನ್ನ ಬರಿ ಮಣಿಕಟ್ಟು ನೋಡಿ ಉತ್ತರ ಹೇಳಿದೆ. ಸಂಗ್ರಹಾಲಯಕ್ಕೆ ಬರುವವರೆಲ್ಲ ಜಾಗ್ವಾರ್ ಎಲ್ಲಿದೆ ಎಂದೇ ಕೇಳುತ್ತಾರೆ. ತತುಗಳ ಮುಂದೆ ಅಷ್ಟು ಹೊತ್ತು ನಿಂತವರು ನೀವೊಬ್ಬರೇ. ನಿಮ್ಮ ಪತ್ರ ಬಂದಾಗಿನಿಂದ ನನಗೆ ಕೂತಲ್ಲಿ ಕೂರಲಾಗುತ್ತಿಲ್ಲ.

ಮೊದಲನೆಯದಾಗಿ, ಬೆನ್ನ ಮೇಲಿನ ಪಟ್ಟಿಗಳನ್ನು ಎಣಿಸುವುದನ್ನು ನಂಬಬೇಡಿ. ಒಂಬತ್ತು ಎಂದು ಪುಸ್ತಕ ಹೇಳುವ ಪ್ರಾಣಿ ಎಂಟೇ ಪಟ್ಟಿ ಹೊತ್ತು ಬಂದು ನಿಮ್ಮನ್ನು ಪೇಚಿಗೆ ಸಿಕ್ಕಿಸುತ್ತದೆ. ಕಿವಿ ನೋಡಿ, ಬಾಲ ನೋಡಿ, ಕೂದಲು ನೋಡಿ. ಎಲ್ಲಕ್ಕಿಂತ ಮೇಲಾಗಿ, ಹೆದರಿದಾಗ ಏನು ಮಾಡುತ್ತದೆ ಎಂದು ನೋಡಿ. ಹೆದರಿದಾಗ ಯಾವ ತತುವೂ ತನ್ನ ಜಾತಿಯನ್ನು ಬಚ್ಚಿಡಲಾರದು.

ಮುಟ್ಟಿದ ಕೂಡಲೇ ತಲೆ ಬಾಲಗಳನ್ನು ಪಕ್ಕಪಕ್ಕ ಮಡಚಿ ಪೂರ್ತಿ ಚೆಂಡಾದರೆ ಅದು ಕೊರೆಚಿ. ಬಿಡಿಸಲು ಬೆರಳು ತೂರಿಸಬೇಡಿ, ಕಚಕ್ಕನೆ ಮುಚ್ಚಿಕೊಳ್ಳುತ್ತದೆ. ಕತ್ತೆಯಂಥ ಕಿವಿ, ಕಪ್ಪು ಮೈ, ಬಾಲಕ್ಕೆ ಬಳೆ ತೊಡಿಸಿದಂಥ ಉಂಗುರಗಳು, ಬೆಚ್ಚಿದರೆ ನಿಂತಲ್ಲೇ ಮೇಲಕ್ಕೆ ಹಾರುವುದು, ಇವೆಲ್ಲ ಇದ್ದರೆ ತತುಹು. ಹಳದಿ ಬಣ್ಣ, ಚಪ್ಪಟೆ ತಲೆ, ಒಣಹುಲ್ಲಿನಂಥ ಕೂದಲು ಇದ್ದು, ಹಾಡಹಗಲಲ್ಲೇ ಓಡಾಡಿಕೊಂಡು, ಹಿಡಿದರೆ ಕಚ್ಚುವುದು ಪೆಹಿ. ಹೆಸರು ಹತ್ತಿರವಾದರೂ ಪೆಹಿಚಿಯ ಲೆಕ್ಕವೇ ಬೇರೆ. ಅದು ಹಂದಿಯಷ್ಟು ದೊಡ್ಡದು, ಮುಂಗಾಲಿನ ಉಗುರು ಕುಡುಗೋಲಿನಷ್ಟು. ನೀವೇ ನುಸುಳಬಹುದಾದ ಬಿಲ ಕಂಡರೆ ಅದು ಪೆಹಿಚಿಯದು. ಅಲ್ಲಿ ಹೆದರಬೇಕಾದವರು ನೀವು. ಇನ್ನು ಕಿರ್ಕಿಂಚೊ. ಚಿಕ್ಕದು, ಮೈತುಂಬ ಕೂದಲು, ಎದ್ದು ಕಾಣುವ ಕಿವಿ. ಕೈಯಲ್ಲಿ ಹಿಡಿದಿರೋ, ಕೊಂದೇಬಿಟ್ಟಿರಿ ಎನ್ನುವ ಹಾಗೆ ಕಿರುಚುತ್ತದೆ.

ಈಗ ಆರನೆಯದು. ನಿಮಗೆ ಕೈ ಬರದ ಹೆಸರನ್ನು ನಾನು ಬರೆದೇಬಿಡುತ್ತೇನೆ: ಕುಂಡಿಮುಚ್ಚ! ಸರಿಯೇ? ಮಕ್ಕಳು ನಗುವುದು ‘ಕುಂಡಿ’ಗೆ, ದೊಡ್ಡವರು ಸುಮ್ಮನಾಗುವುದು ಮರ್ಯಾದೆಗೆ. ನಮ್ಮಲ್ಲಿ ಅದರದೊಂದು ಒಣ ಚರ್ಮವಿದೆ. ಅಂಗೈಯಷ್ಟೇ ಉದ್ದ. ಹಿಂಬದಿಯನ್ನು ಯಾರೋ ಕತ್ತಿಯಲ್ಲಿ ನೇರವಾಗಿ ಕತ್ತರಿಸಿ ಮೇಲೊಂದು ದುಂಡು ಬಿಲ್ಲೆ ಅಂಟಿಸಿದ ಹಾಗಿದೆ. ಆ ಬಿಲ್ಲೆ ಏತಕ್ಕೆ, ಹೆದರಿದಾಗ ಈ ಪ್ರಾಣಿ ಏನು ಮಾಡುತ್ತದೆ, ನನಗೆ ಗೊತ್ತಿಲ್ಲ. ಒಣ ಚರ್ಮ ಹೆದರುವುದಿಲ್ಲವಲ್ಲ. ನಮ್ಮಲ್ಲಿ ಯಾರೂ ಜೀವಂತವಾಗಿ ಅದನ್ನು ನೋಡಿಲ್ಲ. ನೀವೇನಾದರೂ ನೋಡಿದರೆ ಒಂದು ಸಾಲು ಬರೆಯಿರಿ, ಓಡಿ ಬರುತ್ತೇನೆ.

ನಿಮ್ಮ
ಎಫ್ರೈನ್

~

ಇವಿಪೊರಾ
ಸೆಪ್ಟೆಂಬರ್ 24, 1997

ಎಫ್ರೈನ್ ಅವರಿಗೆ,

ನಿಮ್ಮ ಪತ್ರ ನಮ್ಮ ಮನೆಯಲ್ಲಿ ಎಲ್ಲರಿಗೂ ಬಹಳ ಹಿಡಿಸಿತು. ಕೊನೆಯ ಭಾಗವನ್ನು ಮಾತ್ರ ನಾನೊಬ್ಬಳೇ ಇಟ್ಟುಕೊಂಡೆ.

ಕಲಿತೆ! ನಿಜವಾಗಿ ಕಲಿತೆ! ಸತುರ್ನಿನಾ ಅತ್ತೆಗೆ, ಎಂದರೆ ನನ್ನ ತಂದೆಯ ಅಕ್ಕನಿಗೆ, ನಿಮ್ಮ ಮಾತುಗಳನ್ನು ಪರೀಕ್ಷೆ ಮಾಡುವ ಹುಚ್ಚು ಹಿಡಿದಿದೆ. ನಮ್ಮ ಮನೆಯಲ್ಲಿ ಹಿರಿಯರು ಅವರೇ, ಊರಿನಲ್ಲೂ ಬಹುಮಟ್ಟಿಗೆ ಅವರೇ. ಬೆಳಿಗ್ಗೆ ಸೋರೆಬುರುಡೆಯಿಂದ ‘ಮಾತೆ’ ಎಲೆಯ ಕಷಾಯ ಹೀರುತ್ತಾ ಅಲ್ಗರೋಬೊ ಮರದಡಿ ಕೂತಿದ್ದಾಗ ಬುಟ್ಟಿ ತಂದು ನನ್ನ ಮುಂದಿಟ್ಟರು.

“ಲೇ ಒಟಿಲಿಯಾ, ಮುಚ್ಚಳ ತೆಗಿ. ಯಾವ್ದು ಹೇಳು.”

ಕಪ್ಪು ಮೈ, ದೊಡ್ಡ ಕಿವಿ. ಬಾಲದ ಬಳೆ ನೋಡೋಣವೆಂದು ಬಗ್ಗಿದೆ. ಅದು ನಿಂತಲ್ಲೇ ಹಾರಿ ನನ್ನ ಗದ್ದಕ್ಕೆ ಗುದ್ದಿ, ಕಷಾಯದ ಬುರುಡೆ ಉರುಳಿಸಿ, ಬೇಲಿ ದಾಟಿ ಹೋಯಿತು.

“ತತುಹು,” ಎಂದೆ ಗದ್ದ ಹಿಡಿದುಕೊಂಡು.

“ಹೂಂ. ಪದವಿ ಬಂತು ನೋಡು ಈಗ!” ಎಂದರು ಅತ್ತೆ. ಇವತ್ತಿಗೂ ನನ್ನ ಗದ್ದ ನೀಲಿಯಾಗಿದೆ, ಮಕ್ಕಳು ಅದನ್ನು ತೋರಿಸಿ ಒಬ್ಬರಿಗೊಬ್ಬರು ಪಾಠ ಹೇಳುತ್ತಾರೆ. ಕೊರೆಚಿಯನ್ನು ಚೆಂಡಾಗಿಸಿ ಅಂಗಳದಲ್ಲಿ ಮೆಲ್ಲಗೆ ಉರುಳಿಸಿದೆ. ಪೆಹಿಯನ್ನು ನದಿಯ ಒಣ ಪಾತ್ರದಲ್ಲಿ ಕಂಡೆ, ಮಧ್ಯಾಹ್ನದ ಬಿಸಿಲಲ್ಲಿ ಯಾರದೋ ಸಾಲ ವಸೂಲಿಗೆ ಹೊರಟ ಹಾಗೆ ಧಡಧಡ ನಡೆಯುತ್ತಿತ್ತು. ಕಿರ್ಕಿಂಚೊವನ್ನು ಎತ್ತಿದಾಗ ಅದು ಕಿರುಚಿದ ಕಿರುಚಾಟಕ್ಕೆ ಪಕ್ಕದ ಮನೆಯವರು ಓಡಿಬಂದರು.

ಇದರಿಂದಲೇ ಒಂದು ಪ್ರಶ್ನೆ ಹುಟ್ಟಿದೆ. ನನ್ನ ಅಣ್ಣ ರೊಸೆಂದೊ ಮರಳು ದಿಬ್ಬದ ಮೇಲೆ ಹೊಸ ಮನೆ ಕಟ್ಟಿದ್ದಾನೆ. ಅವನು ಕಬ್ಬು ಕಡಿಯುವ ಕೆಲಸಕ್ಕೆ ನಿಮ್ಮ ಕಡೆಗೇ ಹೋಗಿದ್ದಾನೆ, ಮನೆಯಲ್ಲಿ ಅತ್ತಿಗೆ ಡೆಲ್ಮಿರಾ ಇದ್ದಾಳೆ. ನಿನ್ನೆ ಸಂಜೆ ಆ ಮನೆಯ ನೆಲದ ಕೆಳಗಿಂದ ಏನೋ ಅತ್ತಿತು. ಸಣ್ಣ ದನಿ, ಎಳೆ ಮಗುವಿನಂತೆ, ತಡೆತಡೆದು. “ಕಿರ್ಕಿಂಚೊ ಅಷ್ಟೆ” ಎಂದರು ಅತ್ತೆ, ತುಂಬ ಬೇಗ. ಆಮೇಲೆ ಕೈಯಲ್ಲಿದ್ದ ನೀರನ್ನು ಕುಡಿಯದೆ ಚೆಲ್ಲಿದರು.

ಯಾರೂ ಮುಟ್ಟದೆ, ನೆಲದೊಳಗೆ ಇದ್ದುಕೊಂಡೇ ಕಿರ್ಕಿಂಚೊ ಅಳಬಲ್ಲುದೇ? ಅಳಬಲ್ಲುದು ಎಂದು ನೀವು ಹೇಳುವಿರಿ ಎಂದುಕೊಂಡಿದ್ದೇನೆ.

ಒಟಿಲಿಯಾ

~

ಸಾಂತಾ ಕ್ರೂಸ್
ಅಕ್ಟೋಬರ್ 2, 1997

ಕುಂಡಿಮುಚ್ಚ! ಕುಂಡಿಮುಚ್ಚ! ಒಟಿಲಿಯಾ, ನಿಮ್ಮ ಅಣ್ಣನ ಮನೆಯ ನೆಲದಡಿ ಅಳುತ್ತಿರುವುದು ಕುಂಡಿಮುಚ್ಚನೇ!

ವಂದನೆ ಆಮೇಲೆ ಹೇಳುತ್ತೇನೆ. ಕಿರ್ಕಿಂಚೊ ಕಿರುಚುವುದು ಹಿಡಿದಾಗ. ಬಿಲದೊಳಗೆ ತನ್ನಷ್ಟಕ್ಕೆ ಅಳುವ ಕಿರ್ಕಿಂಚೊ ಬಗ್ಗೆ ನಾನು ಎಲ್ಲೂ ಕೇಳಿಲ್ಲ. ಮರಳು ದಿಬ್ಬ, ನೆಲದಡಿಯ ದನಿ, ಮಗುವಿನಂಥ ಅಳು, ಎಲ್ಲವೂ ಹೊಂದುತ್ತವೆ. ನಿಮಗೆ ಅಭಿನಂದನೆ! ನಿಮ್ಮ ಅಣ್ಣನ ಮನೆಗೆ ಅಭಿನಂದನೆ! ಎಂಥ ಅದೃಷ್ಟದ ಮನೆ ಅದು!

ನಿರ್ದೇಶಕರ ಬಾಗಿಲು ತಟ್ಟದೆಯೇ ಒಳಗೆ ನುಗ್ಗಿ ಹೇಳಿದೆ. ಮೂರು ವರ್ಷ ಕಪಾಟಿನ ಧೂಳು ಒರೆಸಿದ ನನ್ನನ್ನು ಅವರು ಮೊದಲ ಬಾರಿ ಕೂರಲು ಹೇಳಿದರು. ಜೀವಂತ ಹಿಡಿದು ತಂದರೆ ಕಾಡಿನ ತಂಡದಲ್ಲಿ ಜಾಗ ಕೊಡುತ್ತಾರಂತೆ. ಒಳಗೆ ತಗಡು ಹೊಡೆದ ಪೆಟ್ಟಿಗೆ ಮಾಡಿಸಿದ್ದೇನೆ. ಅರ್ಧದಷ್ಟು ಮರಳು ತುಂಬಬೇಕು. ಇಪ್ಪತ್ತರ ಬಸ್ಸಿಗೆ ಬರುತ್ತೇನೆ. ಅಲ್ಲಿಯವರೆಗೆ ಯಾರೂ ಅಗೆಯದಿರಲಿ, ಅಳು ನಿಲ್ಲದಿರಲಿ!

ನನ್ನ ಪತ್ರದ ಕೊನೆಯ ಭಾಗವನ್ನು ನೀವೊಬ್ಬರೇ ಇಟ್ಟುಕೊಂಡದ್ದಾಗಿ ಬರೆದಿರಿ. ಅದನ್ನು ನಾನು ಎಷ್ಟು ಸಲ ಓದಿದೆನೋ.

ನಿಮ್ಮ
ಎಫ್ರೈನ್

~

ಇವಿಪೊರಾ
ಅಕ್ಟೋಬರ್ 12, 1997

ಎಫ್ರೈನ್ ಅವರಿಗೆ,

ಬರಬೇಡಿ.

ನಮ್ಮ ಊರಿನಲ್ಲಿ ಪತ್ರ ಎನ್ನುವುದು ಒಬ್ಬರಿಗೆ ಬರುವುದಿಲ್ಲ. ಬಸ್ಸಿನಿಂದ ಇಳಿದ ಪತ್ರವನ್ನು ಅಂಗಳದಲ್ಲಿ, ಮರದಡಿ, ಎಲ್ಲರ ಮುಂದೆ ಗಟ್ಟಿಯಾಗಿ ಓದಬೇಕು. ಮುಚ್ಚಿ ಓದಿದರೆ ಯಾರೋ ಸತ್ತಿದ್ದಾರೆ ಎಂದೇ ಅರ್ಥ. ಇದನ್ನು ನಿಮಗೆ ಹೇಳಬೇಕೆಂದು ನನಗೆ ಹೊಳೆಯಲೇ ಇಲ್ಲ, ಉಸಿರಾಡುತ್ತೇವೆ ಎಂದು ಯಾರಾದರೂ ಬರೆದು ತಿಳಿಸುತ್ತಾರೆಯೇ? ನಿಮ್ಮ ಮೊದಲ ಪತ್ರ ಓದುವಾಗ ಕೊನೆಗೆ ಆ ಹೆಸರು ಕಣ್ಣಿಗೆ ಬಿತ್ತು, ಅಲ್ಲಿಗೇ ಮಡಚಿದೆ. ನಾನೊಬ್ಬಳೇ ಇಟ್ಟುಕೊಂಡದ್ದು ಅದಕ್ಕೆ, ಬೇರೆ ಯಾವುದಕ್ಕೂ ಅಲ್ಲ. ಈ ಸಲ ಆ ಹೆಸರು ಮೊದಲ ಸಾಲಿನಲ್ಲೇ ಇತ್ತು. ಕಣ್ಣಿಗಿಂತ ಮೊದಲು ಬಾಯಿ ಓದಿಬಿಟ್ಟಿತು.

ಅಂಗಳ ತುಂಬ ಜನ. ನಾನು ನಿಲ್ಲಿಸಿದೆ.

“ಯಾಕೆ ನಿಲ್ಲಿಸ್ದೆ? ಓದು,” ಎಂದರು ಅತ್ತೆ.

“ಅಕ್ಷರ ಸರಿಯಾಗಿಲ್ಲ ಅತ್ತೆ.”

“ಮೂರು ಸಲ ಬರ್ದಿದ್ದಾನೆ. ಅಷ್ಟು ಸರಿಯಾಗಿದೆ. ಓದು.”

ಓದಿದೆ. ಅಭಿನಂದನೆಯವರೆಗೂ ಓದಿದೆ. ಅದೃಷ್ಟದ ಮನೆಯವರೆಗೂ.

ದೊಡ್ಡವರು ಆ ಹೆಸರಿಗೆ ಸುಮ್ಮನಾಗುವುದು ಮರ್ಯಾದೆಯಿಂದಲ್ಲ. ಅದು ಯಾರ ಮನೆಯಡಿ ಅಳುತ್ತದೋ ಆ ಮನೆಯಿಂದ ಒಂದು ಜೀವ ಹೋಗುತ್ತದೆ ಎಂದು ಇಲ್ಲಿ ನಂಬುತ್ತಾರೆ. ನಾನು ನಿಮ್ಮಿಂದ ಒಂದು ಸಂಗತಿ ಬಚ್ಚಿಟ್ಟಿದ್ದೆ. ಡೆಲ್ಮಿರಾಗೆ ದಿನ ತುಂಬುತ್ತಾ ಬಂದಿದೆ, ಚೊಚ್ಚಲ. ಬರೆದರೆ ಆ ಅಳುವಿಗೂ ಹೊಟ್ಟೆಗೂ ನಾನೇ ಗಂಟು ಹಾಕಿದ ಹಾಗಾಗುತ್ತದೆ ಎಂದು ಬರೆಯಲಿಲ್ಲ. ಪದವಿ ಪಡೆದವಳು ನಾನು. ಆದರೂ ಆ ಸಂಜೆ ಅವಳ ಹೊಟ್ಟೆಯತ್ತ ನೋಡದಿರಲು ನನ್ನ ಕೈಯಲ್ಲಿ ಆಗಲಿಲ್ಲ. ನಿಮ್ಮಿಂದ ನನಗೆ ಬೇಕಾಗಿದ್ದದ್ದು ಒಂದೇ ಒಂದು ಶಬ್ದ, ‘ಕಿರ್ಕಿಂಚೊ’.

ಈಗ ತೀರ್ಮಾನವಾಗಿದೆ. ಅದನ್ನು ಅಗೆದು ಬೆಂಕಿಗೆ ಹಾಕುವುದು, ಅಣ್ಣನ ಹೊಸ ಮನೆಯನ್ನು ಬಿಚ್ಚುವುದು, ಡೆಲ್ಮಿರಾಳನ್ನು ನದಿಯಾಚೆಯ ಅವಳ ತಾಯಿಯ ಮನೆಗೆ ಸಾಗಿಸುವುದು. ಆಚೆ ದಡದಲ್ಲಿ ಸೂಲಗಿತ್ತಿ ಇಲ್ಲ, ಮಳೆ ಬಂದು ನದಿ ತುಂಬಿದರೆ ಇಲ್ಲಿಂದ ಯಾರೂ ಹೋಗಲಾಗದು. ಡೆಲ್ಮಿರಾ ಏಳುತ್ತಿಲ್ಲ. ಮನೆಯ ಕಂಬಕ್ಕೆ ಮಗ್ಗ ಕಟ್ಟಿ ಮಗುವಿಗೆ ಜೋಲಿ ನೇಯುತ್ತಿದ್ದಾಳೆ. “ಜೋಲಿ ಮುಗಿಯೋ ತನಕ ನನ್ನನ್ನ ಯಾರೂ ಎಬ್ಬಿಸ್ಬೇಡಿ” ಎಂದಳು. ಮಗ್ಗದಲ್ಲಿ ಕೂತವಳನ್ನು ನಮ್ಮಲ್ಲಿ ಎಬ್ಬಿಸುವಂತಿಲ್ಲ. ಅತ್ತೆ ಒಪ್ಪಿದ್ದಾರೆ. ಆದರೆ ಅವತ್ತಿನಿಂದ ಅವರೂ ಅಲ್ಲಿಂದ ಕದಲಿಲ್ಲ. ಡೆಲ್ಮಿರಾಳ ಬಾಗಿಲಿಗೆ ಬೆನ್ನು ಕೊಟ್ಟು ಹೊಸ್ತಿಲ ಮೇಲೆ ಕೂತಿದ್ದಾರೆ, ಊಟವೂ ಅಲ್ಲೇ, ನಿದ್ದೆಯೂ ಅಲ್ಲೇ.

ನಿಮ್ಮ ತಗಡಿನ ಪೆಟ್ಟಿಗೆಯನ್ನು ನಾನು ಅಂಗಳದಲ್ಲಿ ಎಲ್ಲರಿಗೂ ಓದಿ ಹೇಳಿದೆ. ಅದು ಶವಪೆಟ್ಟಿಗೆ ಎಂದುಕೊಂಡರು.

ಒಟಿಲಿಯಾ

~

ಸಾಂತಾ ಕ್ರೂಸ್
ಅಕ್ಟೋಬರ್ 19, 1997

ಪೂಜ್ಯ ಸತುರ್ನಿನಾ ಅತ್ತೆಯವರಿಗೆ,

ಸಂಗ್ರಹಾಲಯದ ಎಫ್ರೈನ್ ಮಾಡುವ ನಮಸ್ಕಾರಗಳು. ಇದನ್ನು ಅಂಗಳದಲ್ಲಿ, ಮರದಡಿ, ಎಲ್ಲರಿಗೂ ಕೇಳಿಸುವಂತೆ ಓದಿಸಬೇಕಾಗಿ ವಿನಂತಿ.

ಹಿಂದಿನ ಪತ್ರದಲ್ಲಿ ಅವಸರ ಮಾಡಿದೆ, ತಪ್ಪಾಯಿತು. ಮತ್ತೊಮ್ಮೆ ಪುಸ್ತಕಗಳನ್ನೆಲ್ಲ ತಿರುವಿ ನೋಡಿದ್ದೇನೆ. ನಿಮ್ಮ ಮನೆಯ ಕೆಳಗಿರುವುದು ಕಿರ್ಕಿಂಚೊ. ಒಂದೊಂದು ಕಿರ್ಕಿಂಚೊ ಒಳಗಿದ್ದುಕೊಂಡೂ ಅಳುತ್ತದೆ. ಮೊದಲು ಹೇಳಿದವರು ನೀವೇ, ನೀವೇ ಸರಿ. ಪೆಟ್ಟಿಗೆಯನ್ನು ಒಡೆದು ಒಲೆಗೆ ಹಾಕಿದ್ದೇನೆ. ಡೆಲ್ಮಿರಾ ಅವರು ನೆಮ್ಮದಿಯಾಗಿ ಜೋಲಿ ನೇಯಲಿ.

ಒಟಿಲಿಯಾ, ಇಲ್ಲಿಗೆ ಕೆಮ್ಮು ಬಂದ ಹಾಗೆ ಮಾಡಿ ಓದು ನಿಲ್ಲಿಸಿ.

ಮೇಲೆ ಬರೆದದ್ದು ನನಗೇ ಗೊತ್ತಿಲ್ಲದ ಮಾತು. ಅದು ಯಾವ ತತು ಎಂದು ನೋಡದೆ ಯಾರೂ ಹೇಳಲಾರರು, ಮೊದಲ ಸಲವೂ ನಾನು ಹಾಗೇ ಹೇಳಿದ್ದೆ. ನಿಮ್ಮ ಪತ್ರ ಓದಿ ಆ ದಿನ ಸಂಗ್ರಹಾಲಯದಲ್ಲಿ ಕೂರಲಾಗಲಿಲ್ಲ. ‘ಅಳು ನಿಲ್ಲದಿರಲಿ’ ಎಂದು ಬರೆದಿದ್ದೆನಲ್ಲ, ಅದನ್ನೂ ನೀವು ಗಟ್ಟಿಯಾಗಿ ಓದಬೇಕಾಯಿತೆ? ನಿರ್ದೇಶಕರಿಗೆ ದಾರಿ ಕೆಟ್ಟಿದೆ ಎಂದು ಹೇಳಿದ್ದೇನೆ. ಡೆಲ್ಮಿರಾ ಹೇಗಿದ್ದಾರೆ ಎಂದು ಬರೆಯಿರಿ. ತತುವಿನ ಸಂಗತಿ ಬರೆಯದಿದ್ದರೂ ಸರಿ.

ಎಫ್ರೈನ್

~

ಇವಿಪೊರಾ
ನವೆಂಬರ್ 16, 1997

ಪ್ರಿಯ ಎಫ್ರೈನ್,

ನೀವು ದಾರಿ ಕೆಟ್ಟಿದೆ ಎಂದ ಮೇಲೆ ದಾರಿ ನಿಜವಾಗಿಯೂ ಕೆಟ್ಟಿತು. ಮಳೆ ಮುಂಚೆಯೇ ಬಂತು, ಬಸ್ಸು ವಾರಗಟ್ಟಲೆ ನಿಂತಿತು, ಅಣ್ಣನೂ ಆಚೆಯೇ ಉಳಿದ. ನಿಮ್ಮ ಪತ್ರ ಇಲ್ಲಿಗೆ ಬಂದದ್ದು ಮೊನ್ನೆ. ಅದರ ಹಿಂದಿನ ದಿನವೇ ಜೋಲಿ ಮುಗಿದು ಮಗ್ಗ ಇಳಿದಿತ್ತು. ಅತ್ತೆ ಗುದ್ದಲಿ ಹೆಗಲಿಗೆ ಹಾಕಿಕೊಂಡು ನಿಂತಿದ್ದರು, ಪಕ್ಕದಲ್ಲಿ ಸೌದೆ ಉರಿಯುತ್ತಿತ್ತು, ಊರಿನವರು ಮನೆ ಬಿಚ್ಚಲು ಹಗ್ಗ ತಂದಿದ್ದರು. ಕೆಸರಿನಲ್ಲಿ ಹೂತು ಎದ್ದು ಬಂದ ಬಸ್ಸಿನಿಂದ ದೊನ್ ಹಿಲಾರಿಯೊ ಕೂಗಿದರು, “ಒಟಿಲಿಯಾ, ನಿನ್ನ ಕುಂಡಿಯವನ ಪತ್ರ!”

ಕ್ಷಮಿಸಿ. ಊರಿನಲ್ಲಿ ನಿಮ್ಮನ್ನು ಈಗ ಹಾಗೆಯೇ ಕರೆಯುತ್ತಾರೆ.

ಓದಿದೆ. ಕಿರ್ಕಿಂಚೊ ಎಂದಾಗ ಅಂಗಳವೆಲ್ಲ ಉಸಿರು ಬಿಟ್ಟಿತು. ‘ಒಟಿಲಿಯಾ, ಇಲ್ಲಿಗೆ’ ಎಂಬುದು ಕಣ್ಣಿಗೆ ಬಿದ್ದ ಕೂಡಲೇ ಕೆಮ್ಮಿದೆ. ಇನ್ನೂ ಜೋರಾಗಿ ಕೆಮ್ಮಿದೆ. ಅತ್ತೆ ನೀರು ತರಿಸಿದರು.

“ಕುಡಿ. ಕುಡಿದು ಮುಂದೆ ಓದು.”

“ಇಷ್ಟೇ ಅತ್ತೆ.”

“ಇಷ್ಟೇ? ಕಾಗದದ ಕೆಳಗೆ ಇರುವೆ ಹರಿದ ಹಾಗೆ ಏನೋ ಕಾಣುತ್ತಲ್ಲ.”

“ಅದು ನನಗೆ.”

ಅವರು ನನ್ನ ಮುಖ ನೋಡಿದರು. ನನ್ನ ಕಿವಿ ಬಿಸಿಯಾದದ್ದು ಅವರಿಗೆ ಕಂಡಿರಬೇಕು. ಅದನ್ನು ಅಲ್ಲಿಗೇ ಬಿಟ್ಟು ಬೇರೆಯದೇ ಒಂದು ಮಾತು ಕೇಳಿದರು.

“ಇವ್ನು ಮೊದ್ಲು ಹೌದು ಅಂದ. ಈಗ ಅಲ್ಲ ಅಂತಾನೆ. ಅದನ್ನ ನೋಡಿದ್ದಾನಾ?”

ಸುಳ್ಳು ಹೇಳಬಹುದಿತ್ತು. “ಇಲ್ಲ ಅತ್ತೆ, ನೋಡಿಲ್ಲ,” ಎಂದೆ.

ಅತ್ತೆ ಗುದ್ದಲಿಯನ್ನು ಹೆಗಲಿನಿಂದ ಇಳಿಸಿದರು. “ನಾನೂ ನೋಡಿಲ್ಲ,” ಎಂದರು. “ನಮ್ಮಮ್ಮನೂ ನೋಡಿರ್ಲಿಲ್ಲ. ಅಳು ಕೇಳೋದು, ಅಗೆಯೋದು, ಮುಖ ತಿರುಗಿಸ್ಕೊಂಡು ಮರಳು ಸಮೇತ ಬೆಂಕಿಗೆ ಹಾಕೋದು. ಎಲ್ರೂ ಹೋಗಿ ಈಗ. ನಾನು ನೋಡ್ಬೇಕು.” ಹಗ್ಗದವರನ್ನು ಅಂಗಳದ ಮರದಡಿಗೆ ಅಟ್ಟಿದರು. ಡೆಲ್ಮಿರಾ ಮಾತ್ರ ಹೋಗಲಿಲ್ಲ. “ನನ್ನ ಮನೆ, ನನ್ನ ಹೊಟ್ಟೆ, ನಾನೂ ನೋಡ್ತೀನಿ” ಎಂದು ಸೊಂಟಕ್ಕೆ ಕೈ ಕೊಟ್ಟು ನಿಂತಳು.

ಎಫ್ರೈನ್, ಈಗ ನಿಧಾನವಾಗಿ ಓದಿ. ನಾನು ನಿಧಾನವಾಗಿ ಬರೆಯಲು ಬಹಳ ಪ್ರಯತ್ನಪಡುತ್ತಿದ್ದೇನೆ.

ಗೋಡೆಯ ಬುಡದಲ್ಲಿ ಅತ್ತೆ ಮೆಲ್ಲಗೆ ಅಗೆದರು. ಒದ್ದೆ ಮರಳಿನೊಂದಿಗೆ ಅದು ಗುದ್ದಲಿಯ ಮೇಲೆ ಬಂತು. ನನ್ನ ಅಂಗೈಯಷ್ಟು. ಚಿಪ್ಪು ಜೋಳದ ತೆನೆಯ ಒಳಸಿಪ್ಪೆಯ ಬಣ್ಣ, ಅಂಚಿಗೆಲ್ಲ ರೇಷ್ಮೆಯಂಥ ಬಿಳಿ ಕೂದಲು. ಕಿವಿ ಹುಡುಕಿದೆ, ಕಾಣಲಿಲ್ಲ. ಕಣ್ಣು ಸಾಸಿವೆ ಕಾಳು. ಮುಖಕ್ಕಿಂತ ದೊಡ್ಡ ಮುಂಗಾಲುಗಳು. ಹಿಂಬದಿ ನೀವು ಬರೆದ ಹಾಗೆಯೇ ನೇರ ಕತ್ತರಿಸಿ ಬಿಲ್ಲೆ ಅಂಟಿಸಿದಂತೆ. ಅದು ಬಾಯಿ ತೆರೆದು ಅತ್ತಿತು. ಅದೇ ಅಳು. ಡೆಲ್ಮಿರಾ ನನ್ನ ತೋಳು ಹಿಡಿದಳು, ಉಗುರು ನಾಟಿತು.

ಆಮೇಲೆ ಅದು ಮರಳಿಗೆ ಧುಮುಕಿತು. ಅಗೆಯಿತು ಎಂದರೆ ತಪ್ಪಾಗುತ್ತದೆ, ನೀರಿಗಿಳಿದ ಹಾಗೆ ಇಳಿಯಿತು. ರೆಪ್ಪೆ ಬಡಿಯುವಷ್ಟರಲ್ಲಿ ಒಂದು ತೂತು ಮಾತ್ರ ಉಳಿಯಿತು. ಮರುಕ್ಷಣ ತೂತೂ ಇಲ್ಲ! ಆ ಬಿಲ್ಲೆ ಬಂದು ಸರಿಯಾಗಿ ತೂತಿನ ಬಾಯಿಗೆ ಕೂತಿತು, ಮಡಕೆಗೆ ಮುಚ್ಚಳ ಕೂತ ಹಾಗೆ. ಹೆದರಿದಾಗ ಅದು ಏನು ಮಾಡುತ್ತದೆ ಎಂದು ಕೇಳಿದ್ದಿರಲ್ಲ? ತನ್ನ ಬೆನ್ನಿನಿಂದ ಬಾಗಿಲು ಹಾಕಿಕೊಳ್ಳುತ್ತದೆ.

ಅತ್ತೆ ಮೊಣಕಾಲೂರಿ ಕೂತರು. ಬೆರಳು ಮಡಚಿ ಆ ಬಾಗಿಲನ್ನು ತಟ್ಟಿದರು. ಟಕ್ ಟಕ್. ಬಾಗಿಲು ನಡುಗಿತು.

“ಲೇ, ಇದು ಹೆದರಿದೆ ಕಣ್ರೇ,” ಎಂದರು. ಅವರ ದನಿಯೇ ಬದಲಾಗಿತ್ತು. “ಸಾವು ತರೋದು ಬಾಗ್ಲು ಹಾಕ್ಕೊಂಡು ಕೂರುತ್ತೇನ್ರೇ? ನಮ್ಮ ಬಾಗ್ಲು ಮುರ್ಕೊಂಡು ಬರುತ್ತೆ. ಇದು ನಮಗೆ ಹೆದರ್ಕೊಂಡು ಅಳ್ತಿತ್ತು.”

ಡೆಲ್ಮಿರಾ ನಗಲು ಶುರುಮಾಡಿದಳು. ಹೊಟ್ಟೆ ಹಿಡಿದುಕೊಂಡು, ಕಣ್ಣೀರು ಬರುವ ಹಾಗೆ.

“ಏನೇ ನಿಂದು?”

“ಅತ್ತೆ, ನೀವೂ ಹೋದ ತಿಂಗಳಿಂದ ಹಿಂಗೇ ಕೂತಿದ್ರಲ್ಲ! ನನ್ನ ಬಾಗ್ಲಿಗೆ ಕುಂಡಿ ಕೊಟ್ಟು!”

ಅತ್ತೆ ಗುದ್ದಲಿ ಎತ್ತಿದರು, ಹೊಡೆಯುತ್ತಾರೆಂದೇ ನಾನು ಹೆದರಿದೆ. ಅವರೂ ನಕ್ಕರು. ಮೂವರೂ ಮರಳಿನ ಮೇಲೆ ಕೂತು ಏಳಲಾಗದಷ್ಟು ನಕ್ಕೆವು. ಆಮೇಲೆ ಅತ್ತೆ ಮುಖ ಒರೆಸಿಕೊಂಡು, ಅಗೆದ ಮರಳನ್ನು ತಾವೇ ಮೆಲ್ಲಗೆ ಹಿಂದಕ್ಕೆ ಸರಿಸಿ, ಅಂಗಳಕ್ಕೆ ಹೋಗಿ ಸಾರಿದರು: “ನೋಡ್ದೆ. ಕಿರ್ಕಿಂಚೊ. ಹಗ್ಗ ತಗೊಂಡು ಹೋಗಿ ದನ ಕಟ್ಟಿ, ಹೋಗಿ.”

ನನಗೆ ಗುಟ್ಟಾಗಿ ಹೇಳಿದ್ದು ಹೀಗೆ: “ನಿಜ ಹೇಳಿದ್ರೆ ಊರಿನವ್ರು ಬೆಂಕಿಗೆ ಹಾಕ್ತಾರೆ. ನಿನ್ನವ್ನಿಗೆ ಹೇಳಿದ್ರೆ ಪೆಟ್ಟಿಗೆಗೆ ಹಾಕ್ತಾನೆ. ಅವ್ನಿಗೂ ಕಿರ್ಕಿಂಚೊ ಅಂತ್ಲೇ ಬರಿ.”

ಅವರ ಮಾತು ಮೀರಿ ನಿಮಗೆ ನಿಜ ಬರೆದಿದ್ದೇನೆ. ನೀವೇ ಕೇಳಿದ ಪ್ರಶ್ನೆಗೆ ಉತ್ತರವನ್ನು ಕೈಯಲ್ಲಿಟ್ಟುಕೊಂಡು ಸುಳ್ಳು ಬರೆಯಲು ನನ್ನಿಂದಾಗಲಿಲ್ಲ. ಈಗ ಆ ಪ್ರಾಣಿ ಕೂತಿರುವುದು ನಿಮ್ಮ ಅಂಗೈಯಲ್ಲಿ.

ಒಟಿಲಿಯಾ

~

ಸಾಂತಾ ಕ್ರೂಸ್
ನವೆಂಬರ್ 29, 1997

ಪ್ರಿಯ ಒಟಿಲಿಯಾ,

ನಿಮ್ಮ ಪತ್ರವನ್ನು ಒಣ ಚರ್ಮದ ಕಪಾಟಿನ ಮುಂದೆ ನಿಂತು ಓದಿದೆ. ‘ಬಾಗಿಲು ಹಾಕಿಕೊಳ್ಳುತ್ತದೆ’ ಎಂಬಲ್ಲಿಗೆ ಬಂದಾಗ ಜೋರಾಗಿ ಕೂಗಿಬಿಟ್ಟೆನಂತೆ, ಜಾಗ್ವಾರ್ ನೋಡುತ್ತಿದ್ದ ಶಾಲಾ ಮಕ್ಕಳೆಲ್ಲ ನನ್ನ ಕಡೆ ಓಡಿಬಂದರು. ಮೂರು ವರ್ಷ ಆ ಬಿಲ್ಲೆಯ ಧೂಳು ಒರೆಸಿದ್ದೇನೆ. ಬಾಗಿಲು! ಬಾಗಿಲಲ್ಲದೆ ಇನ್ನೇನಿರಲು ಸಾಧ್ಯ?

ಕೂಗು ಕೇಳಿ ನಿರ್ದೇಶಕರೂ ಬಂದರು. ದಾರಿ ಸರಿಯಾಯಿತಂತೆ, ಯಾವಾಗ ಹೊರಡುತ್ತೀ ಎಂದು ಕೇಳಿದರು. ನಿಮ್ಮ ಪತ್ರ ನನ್ನ ಕೈಯಲ್ಲೇ ಇತ್ತು.

“ಹೋಗೋ ಅಗತ್ಯ ಇಲ್ಲ ಸರ್,” ಎಂದೆ. “ಕಿರ್ಕಿಂಚೊ ಅಂತೆ.”

“ಖಂಡಿತಾನಾ? ಯಾರು ನೋಡಿದ್ದು?”

“ಆ ಊರಿನ ಹಿರಿಯರೇ ನೋಡಿದ್ದಾರೆ.”

“ಕಿರ್ಕಿಂಚೊಗೆ ಇಷ್ಟು ಕೂಗ್ತೀಯೇನಯ್ಯಾ?” ಎಂದು ಬೈದು ಹೋದರು. ಕಾಡಿನ ತಂಡದ ಜಾಗ ಬೇರೊಬ್ಬನಿಗೆ ಹೋಯಿತು. ನನಗೆ ಧೂಳಿನ ಬಟ್ಟೆ ಹೊಸದು ಕೊಟ್ಟಿದ್ದಾರೆ. ಬೇಜಾರಿಲ್ಲ ಎಂದರೆ ಸುಳ್ಳಾಗುತ್ತದೆ. ಆದರೆ ಕಪಾಟು ಒರೆಸುವಾಗ ಆ ಬಿಲ್ಲೆಯನ್ನು ಬೆರಳಿನಿಂದ ಒಮ್ಮೆ ತಟ್ಟುತ್ತೇನೆ, ಇಡೀ ಪಟ್ಟಣದಲ್ಲಿ ಅದು ಏನೆಂದು ಗೊತ್ತಿರುವವನು ನಾನೊಬ್ಬನೇ.

ಕ್ರಿಸ್‌ಮಸ್‌ಗೆ ನನಗೆ ರಜೆ ಇದೆ. ನಿಮ್ಮ ಊರಿನ ಆ ಮಾಮೂಲಿ ಕಿರ್ಕಿಂಚೊವನ್ನು ನೋಡಲು ಬರಬಹುದೇ? ಬರಿಗೈಯಲ್ಲಿ ಬರುತ್ತೇನೆ. ಅದು ಬಾಗಿಲು ತೆಗೆಯದಿದ್ದರೂ ಸರಿ. ನೋಡಬೇಕಾದದ್ದು ಅದೊಂದೇ ಅಲ್ಲ.

ಇದನ್ನು ಅಂಗಳದಲ್ಲಿ ಎಲ್ಲಿಯವರೆಗೆ ಓದಬೇಕೆಂದು ನೀವೇ ನಿರ್ಧರಿಸಿ.

ಎಫ್ರೈನ್

~

ಇವಿಪೊರಾ
ಡಿಸೆಂಬರ್ 14, 1997

ಪ್ರೀತಿಯ ಎಫ್ರೈನ್‌ಗೆ,

ಹೆಣ್ಣು ಮಗು! ಅಣ್ಣ ಬಂದು ತಲುಪಿದ ಸಂಜೆಯೇ, ಅವನ ಕಾಲಿನ ಕೆಸರು ಒಣಗುವ ಮೊದಲೇ. ತಾಯಿ ಮಗು ಇಬ್ಬರೂ ಗಟ್ಟಿಯಾಗಿದ್ದಾರೆ. ಹೊಸ ಮನೆ ಇದ್ದಲ್ಲೇ ಇದೆ, ಜೋಲಿ ಕಂಬದಿಂದ ತೂಗುತ್ತಿದೆ. ಮಗು ಮೊದಲ ಸಲ ಅತ್ತಾಗ ಬೇಲಿಯಾಚೆಯಿಂದ ಯಾರೋ “ಅದೇನು ಅಳು?” ಎಂದು ಕೇಳಿದರು. ಅತ್ತೆ ಒಳಗಿಂದಲೇ ಕೂಗಿದರು, “ಕಿರ್ಕಿಂಚೊ, ಇನ್ನೇನು!” ಈಗ ಊರೆಲ್ಲ ಮಗುವನ್ನು ಹಾಗೆಯೇ ಕರೆಯುತ್ತಿದೆ. ಡೆಲ್ಮಿರಾ ಸಿಟ್ಟಾದ ಹಾಗೆ ನಟಿಸುತ್ತಾಳೆ.

ಓದುವ ಪುಸ್ತಕದ ತತು ಪುಟ ಮುಗಿಯಿತು. ಎಲ್ಲವನ್ನೂ ಹೆದರಿದ ಹಾಗೆಯೇ ಬರೆದಿದ್ದೇನೆ: ಚೆಂಡಾದ ಕೊರೆಚಿ, ಹಾರಿದ ತತುಹು, ಹಲ್ಲು ತೋರಿದ ಪೆಹಿ, ಬಾಯಿ ತೆರೆದ ಕಿರ್ಕಿಂಚೊ. ಪೆಹಿಚಿ ಸುಮ್ಮನೆ ನಿಂತಿದೆ, ಮರದ ಹಿಂದೆ ನಾನು ಹೆದರಿದ್ದೇನೆ. ಆರನೆಯ ಜಾಗದಲ್ಲಿ ಮರಳು, ಮರಳಿನ ನಡುವೆ ಒಂದು ದುಂಡು ಬಿಲ್ಲೆ. ಅಷ್ಟೇ, ಹೆಸರಿಲ್ಲ.

“ಟೀಚರ್, ಇದು ಯಾವ ತತು?” ಎಂದರು ಮಕ್ಕಳು. ಅವತ್ತು ಶಾಲೆಗೆ ಬಂದಿದ್ದ ಅತ್ತೆ ಹಿಂದಿನಿಂದ ಎದ್ದು ಬಂದು, ಪುಟದ ಮೇಲೆ ಬೆರಳು ಮಡಚಿ ಟಕ್ ಟಕ್ ಎಂದು ತಟ್ಟಿ ಹೊರಟುಹೋದರು. ಅವತ್ತಿನಿಂದ ಎಲ್ಲರೂ ಆ ಪುಟವನ್ನು ತಟ್ಟಿಯೇ ತಿರುವುತ್ತಾರೆ.

ನಿಮ್ಮ ಪತ್ರವನ್ನು ನಿರ್ದೇಶಕರು ಬಂದಲ್ಲಿಂದ ಅಂಗಳದಲ್ಲಿ ಓದಿದೆ. ನಿರ್ದೇಶಕರ ಜೊತೆಗಿನ ಮಾತು ಬಂದಾಗ ಅತ್ತೆ ನನ್ನನ್ನು ನಿಲ್ಲಿಸಿ, ಆ ಭಾಗವನ್ನು ಇನ್ನೊಮ್ಮೆ ಓದಿಸಿದರು. ನಾನು ನಿಮಗೆ ಏನು ಬರೆದಿದ್ದೆ ಎಂದು ಅಲ್ಲಿಗೆ ಅವರಿಗೆ ಗೊತ್ತಾಯಿತು, ಆದರೆ ಬೈಯಲಿಲ್ಲ. “ನಿನ್ನವ್ನು ಬಾಗ್ಲು ಕಾಯೋಕೆ ಕಲ್ತ. ಬರ್ಲಿ. ಬಂದವ್ನು ಮೊದ್ಲು ಬಾಗ್ಲು ತಟ್ಲಿ ಅಂತ ಬರಿ. ಯಾವ ಬಾಗ್ಲು ಅಂತ ಅವ್ನಿಗೇ ಗೊತ್ತಾಗುತ್ತೆ,” ಎಂದರು. ಜನ ನಕ್ಕರು, ನಾನು ಕಾಗದದ ಹಿಂದೆ ಅಡಗಿದೆ.

ಬನ್ನಿ. ಈ ಸಲ ನಾನು ಗಂಟೆ ಎಷ್ಟು ಎಂದು ಕೇಳುವುದಿಲ್ಲ.

ನಿಮ್ಮ
ಒಟಿಲಿಯಾ

ಈ ಪತ್ರವನ್ನು ಬಸ್ಸಿಗೆ ಕೊಡುವ ಮೊದಲು ಅಂಗಳದಲ್ಲಿ ಎಲ್ಲರ ಮುಂದೆ ಗಟ್ಟಿಯಾಗಿ ಓದಿದೆ. ಎಲ್ಲಿಯೂ ಕೆಮ್ಮಲಿಲ್ಲ.